ಭಾನುವಾರದ ಕೊಯ್ಲು

ಬಂಡೆಯ ಮೇಲೆ ಸಾಸಿವೆಯಷ್ಟು ಗಾತ್ರದ ಕಬ್ಬಿಣದ ಗುಂಡುಗಳು ಅಂಟಿಕೊಂಡಿದ್ದವು. ಎಮಿಲ್ ಹ್ರಡೆಕ್ ಕೂಳೆಯ ನಡುವೆ ಮಂಡಿಯೂರಿ ಒಂದನ್ನು ಉಗುರಿನಿಂದ ಎಬ್ಬಿದ. ಅದು ಕಳಚಿ ಅಂಗೈಗೆ ಬಿತ್ತು. ಇನ್ನೂ ತುಕ್ಕು ಹಿಡಿದಿರಲಿಲ್ಲ.

"ಏನೋ ಅದು, ಚಿನ್ನವಾ?" ಬೇಲಿಯಾಚೆಯಿಂದ ಪಕ್ಕದ ಹೊಲದ ರೋಕಸ್ ಗೆಫ್ರೋ ಕೂಗಿದ.

"ಬೆಸುಗೆ ಹಾಕುವಾಗ ಸಿಡಿದದ್ದು."

"ಹಾಗಾದ್ರೆ ಇಲ್ಲಿ ಯಂತ್ರ ಮುರಿದಿದೆ. ಆ ಬಂಡೆ ನಂಗೂ ಗೊತ್ತು. ಮೊದಲು ಆಂಬ್ರೋಸನ ಬ್ಲೇಡನ್ನೂ ತಿಂದಿತ್ತು, ಈಗವನು ಸುತ್ತಿಕೊಂಡು ಹೋಗ್ತಾನೆ. ಗೊತ್ತಿಲ್ದೋರು ಕೊಯ್ದಿದ್ದಾರೆ, ಅಷ್ಟು ಬರ್ಕೋ."

ನ್ಯಾಯಾಧೀಶೆ ಲಿಯೋನಾ ಫೆಟಿಗ್ ಮತ್ತು ಅವರ ಗಂಡ ಆಂಬ್ರೋಸ್ ಬೆಳೆದ ಗೋಧಿಯನ್ನು ಭಾನುವಾರ ಯಾರೋ ಕೊಯ್ದು, ಕಾಳನ್ನು ಅವರದೇ ಕಣಜಕ್ಕೆ ತುಂಬಿ, ಹೆಸರು ಹೇಳದೆ ಹೋಗಿದ್ದರು. ಅವರು ಯಾರೆಂಬುದನ್ನು, ಜಡ್ಜಮ್ಮನ ಮುಂದಿದ್ದ ಮೊಕದ್ದಮೆಯಲ್ಲಿ ಜ್ಯೂರಿಯ ತೀರ್ಪು ಬರುವುದರೊಳಗೆ, ಕೋರ್ಟಿನ ಮಾರ್ಷಲ್ ಆದ ಎಮಿಲ್ ಪತ್ತೆ ಹಚ್ಚಬೇಕಿತ್ತು. ಜ್ಯೂರಿ ಇವತ್ತು ಬೆಳಿಗ್ಗೆ ತೀರ್ಮಾನಕ್ಕೆಂದು ಬಾಗಿಲು ಹಾಕಿಕೊಂಡು ಒಳಗೆ ಕೂತಿತ್ತು.

"ಕಳ್ಳನ್ನ ಹಿಡಿಯೋಕೆ ಬರೋ ಮಾರ್ಷಲ್‌ಗಳನ್ನ ನೋಡಿದೀನಿ," ಎಂದ ರೋಕಸ್. "ಉಪಕಾರ ಮಾಡಿದೋನ್ನ ಹಿಡಿಯೋಕೆ ಬಂದೋನು ನೀನೇ ಮೊದಲು."

"ಹಿಡಿಯೋಕಲ್ಲ ಮಾರಾಯ, ಕೇಳೋಕೆ."

"ಕೇಳೋಕೆ ಸೊಂಟದಲ್ಲಿ ಪಿಸ್ತೂಲು ಯಾಕೋ?"

ಎಮಿಲ್ ನಕ್ಕ. ನಗುತ್ತಲೇ ಎದ್ದು ಹೊಲವನ್ನು ಇನ್ನೊಮ್ಮೆ ನೋಡಿದ. ಡಕೋಟದ ಆಕಾಶದ ಕೆಳಗೆ ಕೂಳೆ ತಿಳಿಹಳದಿಯಾಗಿ ದಿಬ್ಬದವರೆಗೂ ಹಾಸಿತ್ತು. ಒಂದೇ ಯಂತ್ರದ ಚಕ್ರದ ಗುರುತು, ಹೊರಗಿನಿಂದ ಒಳಕ್ಕೆ ಸುತ್ತುತ್ತಾ ಹೋಗಿತ್ತು. ತಗ್ಗಿನ ಜೌಗಿನ ಸುತ್ತ ಮಾತ್ರ ಒಂದು ಪಟ್ಟಿ ಗೋಧಿಯನ್ನು ಕೊಯ್ಯದೆ ಬಿಟ್ಟಿದ್ದರು. ಕಾಡುಕೋಳಿಗಳಿಗೆ ಚಳಿಗಾಲದಲ್ಲಿ ಮರೆಯಾಗಲಿ ಎಂದು ಈ ಕಡೆಯವರೆಲ್ಲ ಬಿಡುತ್ತಾರೆ. ಕೂಲಿಗೆ ಕೊಯ್ಯುವ ಪರವೂರಿನ ತಂಡದವರು ಬಿಡುವುದಿಲ್ಲ. ಅವರಿಗೆ ಕೋಳಿಯ ಗೊಡವೆ ಇಲ್ಲ.

ಆ ಬಂಡೆಯ ಪರಿಚಯವಿಲ್ಲದವನು, ಆದರೆ ಇದೇ ಸೀಮೆಯವನು. ಎಮಿಲ್ ಅಷ್ಟನ್ನು ಮನಸ್ಸಿನಲ್ಲಿ ಗಂಟು ಹಾಕಿಕೊಂಡ.

"ನೀವು ಯಾಕೆ ಕೊಯ್ಲಿಲ್ಲ ರೋಕಸ್? ಆಂಬ್ರೋಸ್ ಕಣಜದ ಏಣಿಯಿಂದ ಬಿದ್ದು ಸೊಂಟ ಮುರ್ಕೊಂಡಿದ್ದು ನೆರೆಯವರಿಗೆಲ್ಲ ಗೊತ್ತಿತ್ತಲ್ಲ."

ರೋಕಸನ ಮುಖ ಸಣ್ಣದಾಯಿತು. "ಬಂದಿದ್ವಪ್ಪಾ. ನಮ್ಮಪ್ಪ ಹಾಸಿಗೆ ಹಿಡಿದ ವರ್ಷ ಇದೇ ಆಂಬ್ರೋಸ್ ಊರಿನ ಯಂತ್ರನೆಲ್ಲ ಸಾಲಾಗಿ ಕರ್ಕೊಂಡು ಬಂದಿದ್ದ. ಮಧ್ಯಾಹ್ನದೊಳಗೆ ನಮ್ಮ ಹೊಲ ಬೋಳು. ಆ ಋಣ ತೀರಿಸೋಕೆ ನಮಗೆ ಸಿಕ್ಕಿದ್ದು ಇದೊಂದೇ ಸಲ. ಬಂದ್ರೆ ಜಡ್ಜಮ್ಮ ಗೇಟಲ್ಲಿ ನಿಂತ್ಕೊಂಡು ಕೈ ಅಡ್ಡ ಹಿಡಿದ್ರು. 'ಕೇಸು ಮುಗಿಯೋವರೆಗೂ ಯಾರ ಚಕ್ರಾನೂ ನನ್ನ ಹೊಲಕ್ಕೆ ಇಳಿಯಂಗಿಲ್ಲ. ಕೂಲಿ ತಂಡಕ್ಕೆ ಹೇಳಿದೀನಿ, ಬರ್ತಾರೆ' ಅಂದ್ರು. ಆ ತಂಡ ಎಲ್ಲೋ ದಕ್ಷಿಣದಲ್ಲಿ ಮಳೇಲಿ ಸಿಕ್ಕಾಕ್ಕೊಂಡಿತ್ತು. ನನ್ನ ಹೆಂಡ್ತಿ ಸಿಹಿ ಕೂಕನ್ ಕೇಕು ಮಾಡಿ ತಂದ್ರೆ ಆ ಕೂಕನ್ನೂ ವಾಪಸ್ಸು."

"ಕೂಕನ್ನೂ?"

"ಕೂಕನ್ನೂ! 'ನಿನ್ನ ಹೆಂಡ್ತಿ ಕೈರುಚಿ ನಂಗೆ ಗೊತ್ತು ರೋಕಸ್, ಅದಕ್ಕೇ ಬೇಡ' ಅಂದ್ರು. ಆ ಮಾತು ಕೇಳಿ ನಮ್ಮೋಳು ಅರ್ಧ ಅತ್ಲು, ಅರ್ಧ ಹಿಗ್ಗಿದ್ಲು."

"ಭಾನುವಾರ ನೀನೆಲ್ಲಿದ್ದೆ?"

"ಇಗರ್ಜಿ, ಆಮೇಲೆ ಮಗಳ ಮನೆ. ನಮ್ಮಲ್ಲಿ ಭಾನುವಾರ ಯಂತ್ರ ಮುಟ್ಟೋರು ಯಾರಿದ್ದಾರೆ ಹೇಳು? ಕೊಯ್ಯೋದೇ ಆಗಿದ್ರೆ ಶುಕ್ರವಾರ ಕೊಯ್ತಿದ್ವಿ, ಸೋಮವಾರ ಕೊಯ್ತಿದ್ವಿ. ಬಿಸಿಲು ಕಾಯ್ತಾ ಇತ್ತಲ್ಲ. ಭಾನುವಾರವೇ ಯಾಕೆ ಅಂತ!"

ಎಮಿಲ್‌ಗೂ ಅದೇ ಪ್ರಶ್ನೆ ಎದೆಯಲ್ಲಿ ಕೂತಿತ್ತು.

ಕಾರಿನ ಕಡೆಗೆ ನಡೆಯುತ್ತಾ ಅವನು ಅನುಮಾನಗಳನ್ನು ಒಂದೊಂದಾಗಿ ತೂಗಿದ. ಉಪ್ಪುನೀರು ಸೋರಿ ಬಾವಿ ಕೆಟ್ಟ ನಾಲ್ಕು ಕುಟುಂಬಗಳು ಒಂದು ಕಡೆ. ಆ ಉಪ್ಪುನೀರಿನ ಕೊಳವೆ ಹೂತ ಎಣ್ಣೆ ಕಂಪನಿ ಇನ್ನೊಂದು ಕಡೆ. ಜುಲೈ ಮೊದಲಿನಿಂದ ಅಂಚೆ ಕಚೇರಿಯ ಮಹಡಿ ಮೇಲಿನ ಫೆಡರಲ್ ಕೋರ್ಟಿನಲ್ಲಿ ಅದೇ ವಿಚಾರಣೆ. ಹೊಲ ಕೊಯ್ದಿರುವುದು ಕಂಡ ಮರುದಿನ ಬೆಳಿಗ್ಗೆಯೇ ಜಡ್ಜಮ್ಮ ಎರಡೂ ಕಡೆಯ ವಕೀಲರನ್ನು ಕರೆದು ಸಂಗತಿ ಹೇಳಿಬಿಟ್ಟಿದ್ದರು. ಕುಟುಂಬಗಳ ವಕೀಲೆ, ಸೋಲುವ ಭಯಕ್ಕೆ ಕಂಪನಿಯವರೇ ಮಾಡಿಸಿದ್ದಾರೆ, ವಿಚಾರಣೆ ರದ್ದಾಗಲಿ ಅಂತ, ಎಂದಳು. ಕಂಪನಿಯ ವಕೀಲ ಹ್ಯಾಲರನ್, ಜಡ್ಜಮ್ಮನ ಮನಸ್ಸು ಗೆಲ್ಲಲು ಆ ಕುಟುಂಬಗಳಿಗಿಂತ ಆತುರ ಯಾರಿಗೆ, ಎಂದ. ಕೊನೆಗೆ ಇಬ್ಬರೂ ಒಂದು ಮಾತಿಗೆ ಒಪ್ಪಿದರು: ಕೊಯ್ದವರಿಗೂ ಮೊಕದ್ದಮೆಗೂ ಸಂಬಂಧವಿದ್ದರೆ ವಿಚಾರಣೆ ಮೊದಲಿನಿಂದ.

ಮೊದಲಿನಿಂದ ಎಂದರೆ ಇನ್ನೆರಡು ವರ್ಷ. ಮುಂದಿನ ಸಾಲಿನಲ್ಲಿ ದಿನವೂ ಹೆಣಿಗೆ ಹಿಡಿದು ಕೂರುವ ಬೋರ್ಗಿಲ್ ಟ್ವೇಟ್ ಅಜ್ಜಿಗೆ ಅಷ್ಟು ಕಾಲವಿರಲಿಲ್ಲ. ಅವಳ ಬಾವಿಯೇ ಎಲ್ಲಕ್ಕಿಂತ ಮೊದಲು ಕೆಟ್ಟದ್ದು. ಅವಳ ಸಾಕ್ಷಿಯಿಲ್ಲದೆ ದಾವೆಗೆ ಬೆನ್ನೆಲುಬಿಲ್ಲ. "ನನಗೆ ಗೆಲ್ಲಲೇಬೇಕು ಅಂತಿಲ್ಲ," ಎಂದು ಅವಳು ಎಮಿಲ್‌ಗೆ ಮೆಟ್ಟಿಲ ಮೇಲೆ ಹೇಳಿದ್ದಳು. "ಕೇಳಿಸ್ಕೊಂಡ್ರು ಅಂತ ಗೊತ್ತಾದ್ರೆ ಸಾಕು."

ಜಡ್ಜಮ್ಮನಿಗೂ ಇದು ನಿವೃತ್ತಿಗೆ ಮುಂಚಿನ ಕಡೆಯ ಮೊಕದ್ದಮೆ.

ಎಮಿಲ್ ಕಬ್ಬಿಣದ ಗುಂಡನ್ನು ಜೇಬಿಗೆ ಹಾಕಿಕೊಂಡ. ಹೊಲಕ್ಕೇ ಬಂದು ಬೆಸುಗೆ ಹಾಕಲು ಲಾರಿಯ ಮೇಲೆ ಯಂತ್ರ ಕಟ್ಟಿಕೊಂಡವನು ಬೇಕು. ಅದೂ ಭಾನುವಾರ ಬೆಳಿಗ್ಗೆ, ಇಗರ್ಜಿಯ ಗಂಟೆ ಬಾರಿಸುವ ಹೊತ್ತಿಗೆ. ಈ ಜಿಲ್ಲೆಯಲ್ಲಿ ಅಂಥವನು ಒಬ್ಬನೇ ಇದ್ದ.

*

ಲೈಲ್ ಸ್ಯಾಂಡ್ವಿಕ್‌ನ ತಗಡಿನ ಕೊಟ್ಟಿಗೆ ರೈಲುಹಳಿಯ ಆಚೆ ಇತ್ತು. ಅವನು ಬಿತ್ತುವ ಯಂತ್ರವೊಂದರ ಕೆಳಗೆ ಅಂಗಾತ ಮಲಗಿದ್ದ. ಬೂಟುಗಳು ಮಾತ್ರ ಕಾಣುತ್ತಿದ್ದವು.

"ಮಾರ್ಷಲ್ ಸಾಹೇಬ್ರು!" ಎಂದ, ಮುಖ ತೋರಿಸದೆಯೇ. "ಆ ಬೂಟಿನ ಸದ್ದು ನಂಗೆ ಹಳೇ ಪರಿಚಯ. ಏನು, ಕಾರು ಕೆಟ್ಟಿದೆಯಾ, ನಾನು ಕೆಟ್ಟಿದೀನಾ?"

"ಈಚೆ ಬಾ. ಭಾನುವಾರ ಎಲ್ಲಿದ್ದೆ?"

"ಇಲ್ಲೇ. ಇನ್ನೆಲ್ಲಿಗೆ ಹೋಗ್ಲಿ."

ಎಮಿಲ್ ಜೇಬಿನಿಂದ ಗುಂಡನ್ನು ತೆಗೆದು ಕೆಲಸದ ಮೇಜಿನ ಮೇಲಿಟ್ಟ. ಲೈಲ್ ಹೊರಳಿ ಎದ್ದು ಬಂದು ಅದನ್ನು ನೋಡಿದ. ಕೈಗವಸು ಬಿಚ್ಚಿದ.

"ಇಂಥವು ಈ ಜಿಲ್ಲೆ ತುಂಬಾ ಬಿದ್ದಿವೆ."

"ಇದು ಜಡ್ಜಮ್ಮನ ಹೊಲದ್ದು."

ಲೈಲ್ ಎದೆ ಸೆಟೆಸಿ ನಿಂತ. "ಸರಿ. ನಾನೇ ಕೊಯ್ದಿದ್ದು. ಪೂರ್ತಿ ನಾನೇ, ಒಬ್ಬನೇ. ಬರ್ಕೊಳ್ಳಿ."

"ಕೊಯ್ಯೋ ಯಂತ್ರ ಯಾರದು?"

"ಬಾಡಿಗೆದು."

"ಯಾರಿಂದ ತಂದೆ?"

"ಇದ್ದಾರೆ ಒಬ್ರು."

"ಕಾಳು ಸಾಗಿಸೋಕೆ ಲಾರಿ?"

"ನಂದೇ."

"ನಿನ್ನ ಲಾರಿ ಮೇಲೆ ಬೆಸುಗೆ ಯಂತ್ರ ಕೂತಿದೆಯಲ್ಲೋ. ಕಾಳು ಎಲ್ಲಿ ತುಂಬ್ದೆ, ಜೇಬಲ್ಲಾ?"

ಲೈಲ್ ಕೆಳಗೆ ನೋಡಿದ. ಆಮೇಲೆ ಮೆಲ್ಲಗೆ, ಒಳ್ಳೆಯ ವ್ಯಾಪಾರ ಕುದುರಿಸುವವನಂತೆ ಹೇಳಿದ: "ಎಮಿಲ್, ಕೇಳಿ. ನಂಗೂ ಆ ಕೇಸಿಗೂ ಏನೇನೂ ಸಂಬಂಧ ಇಲ್ಲ. ಎಣ್ಣೆಯವರು ಯಾರೋ, ಬಾವಿಯವರು ಯಾರೋ. ನನ್ನ ಹೆಸರು ಬರ್ಕೊಂಡು ಹೋದ್ರೆ ಅಲ್ಲಿಗೆ ಮುಗೀತು. ಆ ಅಜ್ಜಿಗೆ ತೀರ್ಪು ಬರುತ್ತೆ. ಜಡ್ಜಮ್ಮ ನೆಮ್ಮದಿಯಾಗಿ ಮನೆಗೆ ಹೋಗ್ತಾರೆ. ಯಾರಿಗೇನು ನಷ್ಟ?"

ಯಾರಿಗೂ ನಷ್ಟವಿರಲಿಲ್ಲ. ಅದೇ ಕಷ್ಟ. ಎಮಿಲ್ ತೆರೆದ ಬಾಗಿಲ ಕಡೆ ನೋಡಿದ. ಹೊರಗೆ ಧಾನ್ಯದ ರೈಲು ನಿಧಾನವಾಗಿ ಹಾದುಹೋಗುತ್ತಿತ್ತು. ಅವನ ಮೇಲೂ ಜಡ್ಜಮ್ಮನ ಋಣವೊಂದಿತ್ತು. ಅವನ ಹೆಂಡತಿ ಪೆರ್ಲಾ ಫಿಲಿಪ್ಪೀನ್ಸಿನಿಂದ ಬಂದವಳು. ಅವಳು ಈ ದೇಶದವಳಾಗಿ ಪ್ರಮಾಣ ಮಾಡಬೇಕಿದ್ದ ಹಿಂದಿನ ಸಂಜೆ ಮನೆಗೆ ಫೋನು ಬಂದಿತ್ತು. "ನಾನು ಲಿಯೋನಾ ಫೆಟಿಗ್. ನಾಳೆ ನಿಮ್ಮ ಹೆಸರು ನಾನೇ ಕೂಗಬೇಕು. ಅದನ್ನ ನಿಮ್ಮಮ್ಮ ಹೇಗೆ ಕರೀತಿದ್ರೋ ಹಾಗೆ ಒಂದ್ಸಲ ಹೇಳಿ." ಮರುದಿನ ಶಾಲೆಯ ಅಂಗಳದಲ್ಲಿ ಆ ಹೆಸರು ಒಂದು ಅಕ್ಷರ ಎಡವದೆ ಕೇಳಿದಾಗ ಪೆರ್ಲಾ ಎಮಿಲ್‌ನ ಕೈಯನ್ನು ನೋಯುವಷ್ಟು ಹಿಡಿದಿದ್ದಳು. ಆಮೇಲೆ ಜಡ್ಜಮ್ಮ ಕರಿಗೌನು ಕಳಚಿ, ತೋಳು ಮಡಚಿ, ಹೊಸಬರಿಗೆಲ್ಲ ತಾವೇ ಹಣ್ಣಿನ ಪೈ ಕೊಯ್ದು ಹಂಚಿದ್ದರು.

"ನೀನೇನು ಕೊಡಬೇಕು ಅವರಿಗೆ?" ಎಮಿಲ್ ಕೇಳಿದ.

"ನಂಗೆ ಜೈಲು ಹಾಕಿದ್ದೇ ಅವರಲ್ವಾ," ಎಂದ ಲೈಲ್, ಅದೊಂದು ನಂಟಸ್ತಿಕೆ ಎಂಬಂತೆ. "ಗಡಿಯಾಚೆಯಿಂದ ಆ ಮತ್ತಿನ ಪುಡಿ ಸಾಗಿಸ್ತಿದ್ದೆ ನೋಡಿ, ಆಗ. ಒಂಬತ್ತು ವರ್ಷ. ಶಿಕ್ಷೆ ಓದುವಾಗ ಕಾಗದ ನೋಡ್ಲಿಲ್ಲ, ನನ್ನ ಮುಖಾನೇ ನೋಡ್ತಾ ಹೇಳಿದ್ರು. ಅವತ್ತು ಅವರನ್ನ ಬೈದಷ್ಟು ನಾನು ಯಾರನ್ನೂ ಬೈದಿಲ್ಲ. ಮೊದಲನೇ ಚಳಿಗಾಲದ ಮುಂಚೆ, ಜೈಲಲ್ಲಿ ಊಟಕ್ಕೆ ಕೂತಿದೀನಿ, ಎದುರಿಗೆ ತಟ್ಟೆ ಹಿಡ್ಕೊಂಡು ಬಂದು ಕೂತ್ರು."

"ಜಡ್ಜಮ್ಮ?"

"ಅದೇ ಹಳಸಲು ಬೀನ್ಸು, ಅದೇ ರೊಟ್ಟಿ. 'ನಾನು ಕಳಿಸಿದ ಜಾಗ ಹೇಗಿದೆ ಅಂತ ನನಗೆ ಗೊತ್ತಿರಬೇಕಲ್ಲ' ಅಂದ್ರು. ಪ್ರತಿ ಶರತ್ಕಾಲಕ್ಕೂ ಬರ್ತಿದ್ರು. ನಂಗೊಬ್ಬನಿಗೆ ಅಂತಲ್ಲ, ಅವರು ಕಳಿಸಿದೋರಿಗೆಲ್ಲ. ಬೆಸುಗೆ ಕಲಿ ಅಂದೋರೂ ಅವರೇ. 'ಮುರಿದಿದ್ದನ್ನ ಕೂಡ್ಸೋಕೆ ಬಂದ್ರೆ ನಮ್ಮ ಕಡೆ ಯಾವನೂ ಉಪವಾಸ ಸಾಯಲ್ಲ' ಅಂದ್ರು. ನೋಡಿ, ಸತ್ತಿಲ್ಲ." ಅವನು ಮುಂಗೈಯಿಂದ ಮೂಗು ಒರೆಸಿಕೊಂಡ. "ಅವರ ಹೊಲದಲ್ಲಿ ಮೆಷಿನ್ನು ಮುರೀತು ಅಂತ ಫೋನು ಬಂದ್ರೆ, ಭಾನುವಾರ ಅಂತ ಮಲಗಿರ್ಲಾ?"

"ಹಾಗಾದ್ರೆ ಫೋನು ಮಾಡಿದೋನು ಒಬ್ಬನಿದ್ದಾನೆ."

ಲೈಲ್ ನಾಲಿಗೆ ಕಚ್ಚಿಕೊಂಡ.

"ಅವರ ಹತ್ರ ಸುಳ್ಳು ಹೇಳಿ ಅವರ ಋಣ ತೀರಿಸ್ತೀಯಾ?" ಎಮಿಲ್ ಮೆತ್ತಗೆ ಕೇಳಿದ. "ಬೀನ್ಸು ತಿಂದೋರ ಹತ್ರ?"

ಅದು ನಾಟಿತು. ಲೈಲ್ ತಲೆಕೆಳಗು ಮಾಡಿದ ಡಬ್ಬಿಯ ಮೇಲೆ ಕುಸಿದು ಕೂತ.

"ಹೆಸರು ಕೇಳ್ಲಿಲ್ಲ. ದೇವರಾಣೆ. ದಪ್ಪ ಆಳು, ರೈತ, ನೋಡಿದ್ರೇ ಗೊತ್ತಾಗುತ್ತೆ. ಆದ್ರೆ ಒಂದು ವಿಚಿತ್ರ. ಆಗಸ್ಟಲ್ಲಿ ಯಾವ ರೈತನ ತೋಳು ಬೆಳ್ಳಗಿರುತ್ತೆ ಹೇಳಿ? ಅವನ ಮುಂಗೈ ಹಾಲಿನ ಹಾಗಿತ್ತು. ಅವತ್ತಿನ ಬಿಸಿಲಿಗೇ ಕೆಂಪಗಾಗ್ತಿತ್ತು."

"ಇನ್ನೇನು ಹೇಳಿದ?"

"ಬ್ಲೇಡ್ ಕೂಡಿಸಿಕೊಟ್ಟೆ. ದುಡ್ಡು ಬೇಡ, ಲಾರಿನಾದ್ರೂ ಓಡಿಸ್ತೀನಿ, ಇರ್ತೀನಿ ಅಂದೆ. 'ಬೇಡ, ಜನಕ್ಕೇನೂ ಕೊರತೆ ಇಲ್ಲ' ಅಂದ. ಭಾನುವಾರ ಯಾಕಪ್ಪಾ ಅಂದೆ. 'ಬೇರೆ ದಿನ ಆಗಲ್ಲ, ಬೆಳಿಗ್ಗೆಯಿಂದ ಸಂಜೆವರೆಗೂ ಕೂತಿರಬೇಕು' ಅಂದ. ಸುಗ್ಗಿ ಹೊತ್ತಲ್ಲಿ ಕೂತಿರೋ ರೈತ ಯಾವನು ಅಂತ ನಾನು ನಕ್ಕೆ. ಅವನು ನಗಲಿಲ್ಲ."

ಎಮಿಲ್ ಕೂಡ ನಗಲಿಲ್ಲ. ಅವನು ಟೋಪಿಯನ್ನು ತೆಗೆದು ಮತ್ತೆ ಹಾಕಿಕೊಂಡ.

ಬೇಸಿಗೆಯೆಲ್ಲ ಬಿಸಿಲು ಕಾಣದ ರೈತ. ಸೋಮವಾರದಿಂದ ಶುಕ್ರವಾರದವರೆಗೆ ಕೂತೇ ಇರಬೇಕಾದವನು. ಕಳೆದ ಶನಿವಾರ ಬೆಳಿಗ್ಗೆಯಿಂದ ತುಂತುರು. ತೇವದ ಗೋಧಿ ಕೊಯ್ಯಲಾಗದು. ಉಳಿದದ್ದು ಭಾನುವಾರ ಒಂದೇ. ಮತ್ತು ನಿನ್ನೆ, ಸೋಮವಾರ, ಕೋರ್ಟಿನಲ್ಲಿ ಹಿಂದಿನ ಸಾಲಿನ ಮೂಲೆಯಲ್ಲಿ ಕೂತ ಮೈಲೋ ಸ್ಟ್ರೋಬೆಲ್‌ನ ಕತ್ತು ಬೇಯಿಸಿದ ಬೀಟ್‌ರೂಟಿನಂತೆ ಕೆಂಪಗಿತ್ತು. ಎಮಿಲ್ ಅದನ್ನು ನೋಡಿದ್ದ. ನೋಡಿ, ಪಾಪ, ಒಂದು ದಿನವಾದರೂ ಸ್ವಂತ ಹೊಲಕ್ಕೆ ಇಳಿದನಲ್ಲ ಎಂದುಕೊಂಡಿದ್ದ.

ಮೈಲೋ ಸ್ಟ್ರೋಬೆಲ್ ಕೂತಿದ್ದದ್ದು ಜ್ಯೂರಿಯಲ್ಲಿ.

*

ಜಡ್ಜಮ್ಮ ತಮ್ಮ ಕೋಣೆಯಲ್ಲಿ ಮೊಟ್ಟೆಯ ಸ್ಯಾಂಡ್‌ವಿಚ್ ತಿನ್ನುತ್ತಿದ್ದರು. ಮನೆಯಿಂದ ಬ್ರೆಡ್ಡಿನ ಹಳೇ ಕಾಗದದಲ್ಲೇ ಸುತ್ತಿ ತಂದದ್ದು. ನ್ಯಾಯಪೀಠ ಏರಿದ ಮೇಲೆ ಅವರು ಊರಿನ ಹೋಟೆಲಿನಲ್ಲಿ ಯಾರೊಡನೆಯೂ ಮೇಜು ಹಂಚಿಕೊಂಡವರಲ್ಲ. ಮೊದಲು ಒಂದೇ ಕೋಣೆಯ ಹಳ್ಳಿಶಾಲೆಯಲ್ಲಿ ಪಾಠ ಹೇಳಿದವರು. ಮಕ್ಕಳಿಬ್ಬರು ಶಾಲೆಗೆ ಹೋಗತೊಡಗಿದ ಮೇಲೆ ಕಾನೂನು ಓದಿದವರು. ಹೆಂಗಸಿಗೆ ಕೆಲಸ ಕೊಡಲು ಯಾವ ವಕೀಲರೂ ಒಪ್ಪದಿದ್ದಾಗ ಹಾಲಿನ ಡೈರಿಯ ಹಿಂದಿನ ಕೋಣೆಯಲ್ಲಿ ಬೋರ್ಡು ಹಾಕಿ ಕೂತವರು. ಆಗ ದಿನಾ ಮಧ್ಯಾಹ್ನ ಅವರ ಮೇಜಿನ ಸುತ್ತ ಹತ್ತು ಜನ ಕಾಫಿ ಕುಡಿಯುತ್ತಿದ್ದರಂತೆ. ಗೌನು ತೊಟ್ಟ ದಿನದಿಂದ ಆ ಮೇಜು ಖಾಲಿ. ಆಸ್ಪತ್ರೆಯಲ್ಲಿ ಮಲಗಿದ್ದ ಆಂಬ್ರೋಸ್ ಎಮಿಲ್‌ಗೆ ಅದನ್ನೇ ಹೇಳಿದ್ದ: "ನಮ್ಮ ಲಿಯೋನಾಗೆ ಆ ಕುರ್ಚಿ ಎಲ್ಲ ಕೊಡ್ತು. ನೆರೆಹೊರೆ ಒಂದನ್ನ ಬಿಟ್ಟು."

ಎಮಿಲ್ ನಿಂತೇ ಹೇಳಿದ. ಬಂಡೆ, ಬೆಸುಗೆ, ಲೈಲ್, ಬೆಳ್ಳಗಿನ ತೋಳು. ಕೊನೆಯಲ್ಲಿ ಹೆಸರು.

ಅವರು ಸ್ಯಾಂಡ್‌ವಿಚ್ಚನ್ನು ಕೆಳಗಿಟ್ಟರು. ಎದ್ದು ಕಿಟಕಿಗೆ ಹೋದರು.

"ಮೈಲೋಗೆ ಆಂಬ್ರೋಸ್ ಬಿದ್ದಿದ್ದು ಯಾರು ಹೇಳಿದ್ರು?"

"ಯಾರೂ ಹೇಳಿರಲಿಕ್ಕಿಲ್ಲ ಜಡ್ಜಮ್ಮ. ಅವನು ಊರಿಗೆ ಹೋಗೋ ದಾರಿ ನಿಮ್ಮ ಹೊಲದ ಪಕ್ಕದ್ದೇ. ಸುತ್ತ ಎಲ್ಲಾ ಕೊಯ್ದು ಆಗಿದೆ, ನಿಮ್ಮ ಗೋಧಿ ಮಾತ್ರ ನಿಂತಿದೆ. ಆ ಮನೇಲಿ ಯಾರಿಗೋ ಹುಷಾರಿಲ್ಲ ಅಂತ ಅರ್ಥ ಮಾಡ್ಕೊಳ್ಳೋಕೆ ಯಾರನ್ನ ಕೇಳಬೇಕು?"

"ಎಮಿಲ್, ದಿನಾ ಸಂಜೆ ಜ್ಯೂರಿಯವರಿಗೆ ನಾನು ಏನಂತ ಹೇಳಿ ಕಳಿಸ್ತಿದ್ದೆ?"

"ಕೇಸಿನ ಬಗ್ಗೆ ಯಾರ ಹತ್ರಾನೂ ಮಾತಾಡಬೇಡಿ. ಓದಬೇಡಿ. ಹುಡುಕಬೇಡಿ."

"ಗೋಧಿ ಕೊಯ್ಯಬೇಡಿ ಅಂದಿದ್ನಾ?"

"ಇಲ್ಲ."

"ಇಷ್ಟು ವರ್ಷದಲ್ಲಿ ಒಂದು ಸಲಾನೂ ಹೊಳೀಲಿಲ್ಲ ನೋಡು." ಅವರ ಭುಜ ಅಲುಗಿತು. ನಗುತ್ತಿದ್ದಾರೆಂದು ಎಮಿಲ್ ತಿಳಿದ. ತಿರುಗಿದಾಗ ಕಣ್ಣುಗಳು ಒದ್ದೆಯಾಗಿದ್ದವು.

"ನಾನು ಚಿಕ್ಕವಳಿದ್ದಾಗ ಅಪ್ಪನಿಗೆ ಎದೆಗಾಯಿಲೆ. ಒಂದು ದಿನ ಇಗರ್ಜಿಯಿಂದ ಬಂದು ನೋಡ್ತೀವಿ, ಹೊಲ ಕೊಯ್ದಾಗಿದೆ. ಯಾರು ಅಂತ ಕೊನೇವರೆಗೂ ಗೊತ್ತಾಗ್ಲಿಲ್ಲ. ಅಮ್ಮ ಏನು ಮಾಡಿದ್ಲು ಗೊತ್ತಾ? ಯಾರಿಗೆ ಥ್ಯಾಂಕ್ಸ್ ಹೇಳಬೇಕು ಅಂತ ತಿಳೀದೆ, ಸಾಯೋವರೆಗೂ ಎದುರಿಗೆ ಬಂದೋರಿಗೆಲ್ಲ ಒಳ್ಳೇ ಮಾತಾಡಿದ್ಲು. ಇವನಿರಬಹುದು, ಇವಳಿರಬಹುದು ಅಂತ. ನನ್ನ ಮುಂದೆ ಕೈಕೋಳ ಹಾಕ್ಕೊಂಡು ನಿಂತ ಪ್ರತಿಯೊಬ್ಬನ್ನೂ ನಾನು ಹಾಗೇ ನೋಡ್ದೆ ಎಮಿಲ್. ಇವನಿರಬಹುದು ಅಂತ." ಅವರು ಕರವಸ್ತ್ರ ಹುಡುಕಿದರು. "ಆ ಪುಣ್ಯಾತ್ಮನಿಗೆ ಕೈ ಮುಗೀಬೇಕು. ಮುಗಿದ ಮೇಲೆ ಅವನನ್ನ ಜ್ಯೂರಿಯಿಂದ ಬಿಡಿಸಿ ಮನೆಗೆ ಕಳಿಸ್ಬೇಕು. ವಕೀಲರನ್ನ ಕರಿ."

ವಕೀಲರು ಬಂದರು. ಜಡ್ಜಮ್ಮ ಯಾವುದನ್ನೂ ಮುಚ್ಚಿಡಲಿಲ್ಲ. ಕುಟುಂಬಗಳ ವಕೀಲೆ ಕುರ್ಚಿಯ ಬೆನ್ನು ಹಿಡಿದುಕೊಂಡಳು. ಹ್ಯಾಲರನ್ ಬಹಳ ಹೊತ್ತು ತನ್ನ ಹೊಳೆಯುವ ಬೂಟುಗಳನ್ನೇ ನೋಡಿದ.

"ಹೂಸ್ಟನ್ನಿನಲ್ಲಿ ಇದನ್ನ ಹೇಳಿದ್ರೆ ಯಾರೂ ನಂಬಲ್ಲ," ಎಂದ.

"ನಂಬೋದು ಬೇಡ. ನಿಮ್ಮ ಅಭಿಪ್ರಾಯ ಹೇಳಿ."

"ಇಂಥ ದಾವೆಗೆ ಆರು ಜನ ಒಮ್ಮತದಿಂದ ಹೇಳಿದ್ರೆ ಸಾಕು. ಕೂತಿರೋರು ಎಂಟು. ಈ ಒಬ್ಬರನ್ನ ಬಿಟ್ಟು ಉಳಿದವರ ತೀರ್ಪು ತಗೊಳ್ಳೋಕೆ ನನ್ನ ಕಕ್ಷಿದಾರರು ಅಡ್ಡಿ ಮಾಡಲ್ಲ. ಬೇಕಾದ್ರೆ ಇನ್ನೊಬ್ಬರನ್ನೂ ಬಿಡಬಹುದು. ಆರಕ್ಕಿಂತ ಕಡಿಮೆಯಾದ್ರೆ ಮಾತ್ರ," ಅವನು ಕೈ ಬಿಡಿಸಿದ, "ನಾನು ನನ್ನ ಕೆಲಸ ಮಾಡಿ, ವಿಚಾರಣೆ ಮೊದಲಿನಿಂದ ಆಗಲಿ ಅಂತ ಕೇಳಬೇಕಾಗುತ್ತೆ, ಕ್ಷಮಿಸಿ."

"ಅದು ನ್ಯಾಯ," ಎಂದರು ಜಡ್ಜಮ್ಮ. "ನಿಮಗೆ ನನ್ನ ವಂದನೆ."

ಎಮಿಲ್‌ಗೆ ಎದೆ ಹಗುರಾಯಿತು. ಒಬ್ಬನಿಗೆ ಕೈ ಮುಗಿದು ಕಳಿಸುವುದು, ಉಳಿದವರ ತೀರ್ಪು ಓದುವುದು, ಅಜ್ಜಿ ಕೇಳಿಸಿಕೊಳ್ಳುವುದು. ಅಷ್ಟೇ ತಾನೇ.

ಆಗ ಜ್ಯೂರಿ ಕೋಣೆಯ ಬಾಗಿಲು ಒಳಗಿನಿಂದ ಬಡಿದ ಸದ್ದಾಯಿತು. ಅವರ ತೀರ್ಮಾನ ಮುಗಿದಿತ್ತು.

*

ಅವರು ಸಾಲಾಗಿ ಬಂದು ಕೂತರು. ಮೈಲೋ ಸ್ಟ್ರೋಬೆಲ್ ಮೂಲೆಯ ಕುರ್ಚಿಯಲ್ಲಿ, ಟೋಪಿಯನ್ನು ಎಂದಿನಂತೆ ಕಾಲಬುಡದಲ್ಲಿಟ್ಟ. ಜ್ಯೂರಿಯ ಮುಖ್ಯಸ್ಥೆ ಆರ್ಡಿಸ್ ಹೌಗನ್ ಮಾತ್ರ ಕೂರಲಿಲ್ಲ. ಶಾಲೆಯ ಅಡುಗೆಮನೆಯನ್ನು ಆಳಿ ನಿವೃತ್ತಳಾದ ಗಟ್ಟಿ ಹೆಂಗಸು. ತೀರ್ಪಿನ ಕಾಗದ ಹಿಡಿದು ನಿಂತಿದ್ದಳು.

ಬೋರ್ಗಿಲ್ ಅಜ್ಜಿ ಹೆಣಿಗೆಯನ್ನು ಮಡಿಲಲ್ಲಿಟ್ಟುಕೊಂಡು ಕಿವಿಗೆ ಕೈ ಆನಿಸಿದಳು.

"ಆ ಕಾಗದ ಈಗಲೇ ಕೊಡಬೇಡಿ ಆರ್ಡಿಸ್," ಎಂದರು ಜಡ್ಜಮ್ಮ. "ಅದಕ್ಕೂ ಮುಂಚೆ ನಂದೊಂದು ಮಾತಿದೆ."

ಆರ್ಡಿಸ್ ಕಾಗದವನ್ನು ಎದೆಗೊತ್ತಿಕೊಂಡಳು.

"ಏಳು ವಾರ ನೀವು ನಿಮ್ಮ ಹೊಲ ಬಿಟ್ಟು ಇಲ್ಲಿ ಕೂತಿದ್ರಿ. ಯಾರೂ ಒಂದು ದಿನ ತಡ ಮಾಡಲಿಲ್ಲ, ಗೊಣಗಲಿಲ್ಲ. ಭಾನುವಾರ ನಾನು ಆಸ್ಪತ್ರೆಯಿಂದ ಮನೆಗೆ ಬಂದಾಗ ನನ್ನ ಗೋಧಿ ಕಣಜ ಸೇರಿತ್ತು. ಅದನ್ನ ಮಾಡಿದವರು ಈ ಕೋರ್ಟಿನಲ್ಲೇ ಇದ್ದಾರೆ ಅಂತ ಗೊತ್ತಾಗಿದೆ. ನನ್ನ ಗಂಡನ ಪರವಾಗಿ, ನನ್ನ ಪರವಾಗಿ, ಕೃತಜ್ಞತೆ ಅನ್ನೋ ಮಾತು ಚಿಕ್ಕದು. ಅವರು ಯಾವ ಅಪ್ಪಣೆಯನ್ನೂ ಮೀರಿಲ್ಲ. ನಾನೇ ಹೇಳೋದು ಮರೆತಿದ್ದೆ. ಆದರೂ ಅವರ ಕೈಯಿಂದ ನಾನು ತೀರ್ಪು ಇಸ್ಕೊಳ್ಳೋ ಹಾಗಿಲ್ಲ." ಅವರು ನೀರು ಕುಡಿದರು. "ಭಾನುವಾರ ನನ್ನ ಹೊಲಕ್ಕೆ ಬಂದವರು ದಯವಿಟ್ಟು ಎದ್ದು ನಿಲ್ಲಿ."

ಮೈಲೋ ಎದ್ದ. ಕೆಂಪು ಕತ್ತು ಇನ್ನಷ್ಟು ಕೆಂಪಾಗಿತ್ತು. "ಕೇಸಿನ ಬಗ್ಗೆ ಒಂದು ಮಾತೂ ಆಡಿಲ್ಲ ಜಡ್ಜಮ್ಮ," ಎಂದ. "ಬರೀ ಗೋಧಿ ಬಗ್ಗೆ ಮಾತಾಡ್ಕೊ—"

ಆಡಿಕೊಂಡೆವು ಎನ್ನುವಷ್ಟರಲ್ಲಿ ಅವನು ನಿಲ್ಲಿಸಿದ. ಆದರೆ ಆ ಮಾತಿಗೆ ಇಬ್ಬರಾದರೂ ಬೇಕು.

ಅವನ ಪಕ್ಕದ ಕುರ್ಚಿ ಸರಿಯಿತು. ಅಂಚೆಲಾರಿ ಓಡಿಸುವ ತೆಳ್ಳಗಿನ ಮನುಷ್ಯ ಎದ್ದು ನಿಂತು ಕೈಕಟ್ಟಿಕೊಂಡ.

ಹ್ಯಾಲರನ್‌ನ ಪೆನ್ನು ನಿಂತಿತು. ಉಳಿದವರು ಆರು. ಸರಿಯಾಗಿ ಆರು. ಕುಟುಂಬಗಳ ವಕೀಲೆ ಉಸಿರು ಬಿಟ್ಟದ್ದು ಬಾಗಿಲಲ್ಲಿ ನಿಂತ ಎಮಿಲ್‌ಗೂ ಕೇಳಿಸಿತು.

"ಧನ್ಯವಾದ," ಎಂದರು ಜಡ್ಜಮ್ಮ ಇಬ್ಬರಿಗೂ, ತಲೆಬಾಗಿ. ಆಮೇಲೆ ಮುಖ್ಯಸ್ಥೆಯ ಕಡೆ ತಿರುಗಿದರು. "ಆರ್ಡಿಸ್, ನೀವು ಮೊದಲೇ ನಿಂತಿದ್ರಿ. ನೀವು ಕೂತ್ಕೊಳ್ಳಿ."

ಆರ್ಡಿಸ್ ಹೌಗನ್ ತನ್ನ ಕುರ್ಚಿಯನ್ನು ನೋಡಿದಳು. ಕೈಯಲ್ಲಿದ್ದ ಕಾಗದವನ್ನು ನೋಡಿದಳು. ಮುಂದಿನ ಸಾಲಿನಲ್ಲಿ ಕಿವಿಗೆ ಕೈ ಆನಿಸಿ ಕೂತ ಮುದುಕಿಯನ್ನು ನೋಡಿದಳು. ಅವಳ ಮೂಗಿನ ತುದಿಯಲ್ಲಿ ಬಿಸಿಲಿಗೆ ಸಿಪ್ಪೆ ಎದ್ದಿರುವುದು ಎಮಿಲ್‌ಗೆ ಆಗ ಕಂಡಿತು.

"ಜಡ್ಜಮ್ಮ," ಎಂದಳು, ಪಾಠ ಒಪ್ಪಿಸುವ ಹುಡುಗಿಯ ದನಿಯಲ್ಲಿ. "ನಾನು ಯಂತ್ರ ಮುಟ್ಟಿಲ್ಲ. ಗೋಧಿ ಮುಟ್ಟಿಲ್ಲ. ಗಂಡಸರು ಹಸಿದಿರ್ತಾರೆ ಅಂತ ಊಟ ತಂದೆ, ಅಷ್ಟೇ." ಅವಳು ಹಿಂದೆ ಕೂತ ಜ್ಯೂರಿಯವರ ಕಡೆ ಒಮ್ಮೆ ತಿರುಗಿ ನೋಡಿದಳು. ಅವರಲ್ಲಿ ಒಬ್ಬರೂ ಅವಳ ಕಣ್ಣಿಗೆ ಕಣ್ಣು ಕೊಡಲಿಲ್ಲ.

"ಊಟ ತಂದವರೂ ನಿಲ್ಲಬೇಕಾ?"